ಪಕ್ಕದ ಸೀಟಿನಲ್ಲಿ ಕೂತಿದ್ದ ಡ್ರೈವರಣ್ಣ

ನಮ್ಮ ಗಿರಿಜಾಗೆ ಲೈಸೆನ್ಸ್ ಬಂತು! ಇವತ್ತು ಮಧ್ಯಾಹ್ನ ಆರ್.ಟಿ.ಓ. ಆಫೀಸಿನ ಮೆಟ್ಟಿಲಿನ ಮೇಲೆ, ಅವಳ ಫೋಟೋ ಅಂಟಿಸಿ ಸೀಲು ಒತ್ತಿದ ಪುಟ್ಟ ಪುಸ್ತಕವನ್ನು ನನ್ನ ಕೈಗಿಟ್ಟು, "ಅಜ್ಜೀ, ಕಣ್ಣಿಗೊತ್ಕೊಂಡು ವಾಪಸ್ ಕೊಡು. ಕುಂಕುಮ ಗಿಂಕುಮ ಹಚ್ಬೇಡ ಮತ್ತೆ" ಅಂದಳು. ನಾನು ಅಲ್ಲೇ ಮೆಟ್ಟಿಲಿನ ಮೇಲೆ ಕೂತುಬಿಟ್ಟೆ. ಹೋಗಿ ಬರುವವರೆಲ್ಲ ಈ ಮುದುಕಿಗೆ ತಲೆ ಸುತ್ತಿತೇನೋ ಎಂದು ನೋಡಿದರು. ನೋಡಲಿ ಬಿಡಿ. ನನ್ನ ಮೊಮ್ಮಗಳು ಇನ್ನು ಮೇಲೆ ಟೆಂಪೋ ಓಡಿಸುತ್ತಾಳೆ, ಸರ್ಕಾರವೇ ಓಡಿಸು ಅಂದಿದೆ. ಯಾರು ನೋಡಿದರೆ ನನಗೇನು?

ರಾಜಾಜಿನಗರದ ನಮ್ಮ ವಠಾರದಲ್ಲಿ ನಮ್ಮದು ಬಿಟ್ಟು ಹನ್ನೊಂದು ಮನೆ. ಬಂದವಳೇ ಸೆರಗು ಸೊಂಟಕ್ಕೆ ಸಿಕ್ಕಿಸಿ, ತಟ್ಟೆಯಲ್ಲಿ ಸಕ್ಕರೆ ಹಾಕಿಕೊಂಡು ಹತ್ತು ಮನೆಗೆ ಹಂಚಿದೆ. ಹನ್ನೊಂದನೆಯ ಮನೆ ಕೊನೆಯದು, ಬಾವಿಕಟ್ಟೆಯ ಪಕ್ಕದ್ದು. ಅದರ ಹೊಸಿಲ ಮುಂದೆ ನಿಂತೆ. ಮೊಳೆಗೆ ನೇತುಹಾಕಿದ್ದ ಖಾಕಿ ಅಂಗಿ ಕಾಣಿಸಿತು. ತಟ್ಟೆ ಹಿಡಿದುಕೊಂಡು ಹಾಗೆಯೇ ಹಿಂದಕ್ಕೆ ಬಂದೆ.

ಆ ಅಂಗಿಯವರು ತೀರಿಕೊಂಡು ಇಪ್ಪತ್ತು ದಿನ ಆಯಿತು. ಗಿರಿಜಾಗೆ ಗಾಡಿ ಕಲಿಸಿದವರು ಅವರೇ. ಹೆಸರು ಬರೆಯುವುದಿಲ್ಲ, ವಠಾರದಲ್ಲಿ ಯಾರೂ ಅವರನ್ನು ಹೆಸರು ಹಿಡಿದು ಕರೆದದ್ದಿಲ್ಲ. ಹಿರಿಯರು ಕಿರಿಯರು ಎಲ್ಲರಿಗೂ ಅವರು ಡ್ರೈವರಣ್ಣ. ನನಗಿಂತ ನಾಲ್ಕೈದು ವರ್ಷ ಚಿಕ್ಕವರಿದ್ದರೂ ನಾನೂ ಹಾಗೇ ಕರೆಯುತ್ತಿದ್ದೆ. ಅವರು ನನ್ನನ್ನು ಅಕ್ಕಾ ಅನ್ನುತ್ತಿದ್ದರು. ನಾಲ್ಕನೇ ಕ್ಲಾಸಿಗೇ ಸ್ಕೂಲು ಬಿಟ್ಟವಳು ನಾನು, ಚೆನ್ನಾಗಿ ಬರೆಯುವುದು ಗೊತ್ತಿರುವವಳಲ್ಲ. ಆದರೆ ಸಕ್ಕರೆ ಕೊಡಲಾಗದೆ ವಾಪಸ್ ಬಂದ ಆ ಮನೆಯವರ ಬಗ್ಗೆ ನಾಲ್ಕು ಮಾತು ಬರೆಯದಿದ್ದರೆ ಈ ಸಂತೋಷ ನನಗೆ ಜೀರ್ಣವಾಗುವುದಿಲ್ಲ.

ಬಸ್ಸು ಓಡಿಸಿ ರಿಟೈರ್ ಆದವರು ಅವರು. ಮೈಸೂರು ರಸ್ತೆಯಲ್ಲಿ ಅವರು ಕಾಣದ ಮರವಿಲ್ಲ. ಒಂದು ಸಲ ನಾನು, "ಅಷ್ಟು ದೊಡ್ಡ ಬಸ್ಸು ಹೆಂಗಪ್ಪಾ ಓಡಿಸ್ತಿದ್ರಿ?" ಎಂದು ಕೇಳಿದ್ದೆ. "ಬಸ್ ಎಲ್ಲಿ ಓಡಿಸ್ತಿದ್ದೆ ಅಕ್ಕಾ? ಒಳಗೆ ಐವತ್ತು ಜನ ತೂಕಡಿಸ್ತಿರೋರು. ಅವರಿಗೆ ಎಚ್ಚರ ಆಗ್ದಂಗೆ ಕೆಂಗೇರಿ ದಾಟಿಸ್ತಿದ್ದೆ, ಅಷ್ಟೆ" ಅಂದರು. ಜಂಬದಿಂದ ಹೇಳಿದ ಮಾತಲ್ಲ. ಅವರಿಗೆ ಕೆಲಸವೆಂದರೆ ಅದೇ.

ರಿಟೈರ್ ಆದರೂ ರಸ್ತೆ ಅವರನ್ನು ಬಿಟ್ಟಿರಲಿಲ್ಲ. ಹಾಲಿಗೆಂದು ನಡೆದು ಹೋಗುವಾಗಲೂ ಬೀದಿ ತಿರುವಿನಲ್ಲಿ ಬಲಕ್ಕೆ ತಿರುಗಬೇಕಾದರೆ ಬಲಗೈಯನ್ನು ನೀಟಾಗಿ ಚಾಚುತ್ತಿದ್ದರು. ಹಿಂದೆ ಒಂದು ನಾಯಿಯೂ ಇರುತ್ತಿರಲಿಲ್ಲ. ವಠಾರದ ಮಕ್ಕಳು ಅವರ ಹಿಂದೆ ಸಾಲಾಗಿ ನಡೆದು, ಅವರು ಕೈ ಚಾಚಿದಾಗ ತಾವೂ ಚಾಚಿ ಕಿಸಕಿಸ ನಗುತ್ತಿದ್ದವು. ಅವರು ತಿರುಗಿ ನೋಡಿ, "ನಗಿ ನಗಿ. ಕೈ ಮಾತ್ರ ಸರಿಯಾಗಿ ಹಾಕಿ" ಅನ್ನುತ್ತಿದ್ದರು. ಡ್ರೈವರ್ ಸೀಟಿಗೆ ಹತ್ತುವ ಮುಂಚೆ ಚಪ್ಪಲಿ ಕೆಳಗೆ ಬಿಡುತ್ತಿದ್ದರು. ಹಾರ್ನ್ ಅಂದರೆ ಅವರಿಗೆ ಆಗದು. "ಹಾರ್ನ್ ಹೊಡೀಬೇಕಾಗಿ ಬಂತು ಅಂದ್ರೆ ಬ್ರೇಕು ಹಾಕೋದು ಆಗ್ಲೇ ತಡ ಆಗಿದೆ ಅಂತ" ಅನ್ನುವವರು. ಹಠಮಾರಿಗಳು. ಭೇಷ್ ಅನ್ನುವ ಬಾಯಿಯೇ ಅಲ್ಲ. ಎರಡು ತಿಂಗಳಲ್ಲಿ ಗಿರಿಜಾ ಅವರ ಬಾಯಿಂದ ಕೇಳಿದ ದೊಡ್ಡ ಹೊಗಳಿಕೆ, "ಇವತ್ತು ಬೈಯೋಕೇನೂ ಇಲ್ಲ."

ಗಿರಿಜಾ ಗಾಡಿಗೆ ಬಂದದ್ದು ಆಸೆಯಿಂದಲ್ಲ. ನನ್ನ ಮಗ ನಂಜುಂಡ ಮೂರು ಚಕ್ರದ ಟೆಂಪೋ ಇಟ್ಟುಕೊಂಡಿದ್ದ. ನಮ್ಮಂಥ ಹೆಂಗಸರು ಮನೆಮನೆಯಲ್ಲಿ ಹೊಸೆದ ಊದುಬತ್ತಿಯನ್ನು ತುಂಬಿಕೊಂಡು ನಾಯಂಡಹಳ್ಳಿಯ ಗೋಡೌನಿಗೆ ಸಾಗಿಸುತ್ತಿದ್ದ. ಈ ಬೇಸಿಗೆಯಲ್ಲಿ ಒಂದು ಬೆಳಿಗ್ಗೆ ಹಲ್ಲುಜ್ಜುತ್ತಿದ್ದವನ ಕೈಯಿಂದ ಚೊಂಬು ಬಿತ್ತು. ಲಕ್ವ ಹೊಡೆದಿತ್ತು. ಜೀವ ಉಳಿಯಿತು, ಮಾತು ಬಂತು, ಕಾಲೂ ನಿಧಾನಕ್ಕೆ ಬಂತು. ಬಲಗೈ ಮಾತ್ರ ಬರಲಿಲ್ಲ. ಅಂದಿನಿಂದ ಅವನು ನಮ್ಮ ಜೊತೆ ಪಂಕ್ತಿಯಲ್ಲಿ ಕೂತು ಉಂಡವನಲ್ಲ. ಎಡಗೈಯಲ್ಲಿ ಉಣ್ಣುವುದನ್ನು ಯಾರೂ ನೋಡಬಾರದೆಂದು ತಟ್ಟೆ ತೆಗೆದುಕೊಂಡು ಬಾಗಿಲ ಹಿಂದೆ ಗೋಡೆಗೆ ಮುಖ ಮಾಡಿ ಕೂರುತ್ತಿದ್ದ. ಹೆತ್ತವಳಿಗೆ ಅದನ್ನು ನೋಡಲು ಹೇಗಾಗುತ್ತದೆ, ನೀವೇ ಹೇಳಿ.

ಟೆಂಪೋ ವಠಾರದ ಗೇಟಿನ ಹೊರಗೆ ನಿಂತೇ ಇತ್ತು. ಅದರ ಕೆಳಗೆ ಕೋಳಿ ಮೊಟ್ಟೆ ಇಡಲು ಶುರು ಮಾಡಿತು. ನಾಯಂಡಹಳ್ಳಿಯ ವರ್ಕ್‌ಶಾಪಿನವನೊಬ್ಬ ಬಂದು, "ಕೊಟ್ಬಿಡಿ, ತುಕ್ಕು ಹಿಡಿಯೋದ್ರೊಳಗೆ ತಗೊಂಡೋಗ್ತೀನಿ" ಅಂದ. ಸೊಸೆ ಕಣ್ಣೊರೆಸಿಕೊಂಡಳು. ಆಗ ಗಿರಿಜಾ, "ಕೊಡ್ಬೇಡಿ ಅಪ್ಪಾ. ನಾನು ಓಡಿಸ್ತೀನಿ" ಅಂದಳು.

ವರ್ಕ್‌ಶಾಪಿನವನು ನಕ್ಕ. ನಿಜ ಹೇಳಬೇಕೆಂದರೆ ನಾನೂ ನಕ್ಕೆ. ಎಸ್ಸೆಸ್ಸೆಲ್ಸಿ ಮುಗಿಸಿ ನನ್ನ ಜೊತೆ ಕಡ್ಡಿ ಹೊಸೆಯುತ್ತಿದ್ದ ಕುಳ್ಳ ಹುಡುಗಿ ಅವಳು. ಬಾವಿಕಟ್ಟೆಯ ಮೇಲೆ ಬೀಡಿ ಸೇದುತ್ತಿದ್ದ ಡ್ರೈವರಣ್ಣ ಒಬ್ಬರೇ ನಗಲಿಲ್ಲ. ಎದ್ದು ಬಂದು ಅವಳ ಪಾದ ನೋಡಿದರು. "ಬಾ ಮಗಾ, ಕಾಲು ಪೆಡಲ್‌ಗೆ ಎಟುಕುತ್ತಾ ನೋಡೋಣ." ಎಟುಕಲಿಲ್ಲ. ಮಾರನೆಯ ದಿನ ಅವರ ಹೆಂಡತಿ ಹಳೆಯ ಸೀರೆಗೆ ಹತ್ತಿ ತುರುಕಿ ಒಂದು ದಿಂಬು ಹೊಲಿದುಕೊಟ್ಟರು. ಬೆನ್ನಿಗೆ ಅದನ್ನು ಕೊಟ್ಟ ಮೇಲೆ ಎಟುಕಿತು.

ನಂಜುಂಡ ವರ್ಕ್‌ಶಾಪಿನವನಿಗೆ ಮಾತು ಕೊಟ್ಟ. "ಕಾರ್ತೀಕ ಮುಗಿಯೋ ತನಕ ನೋಡ್ತೀನಿ. ಅಷ್ಟರಲ್ಲಿ ಇವಳಿಗೆ ಲೈಸೆನ್ಸ್ ಆಗ್ಲಿಲ್ಲ ಅಂದ್ರೆ ಗಾಡಿ ನಿಂದು."

ಗಾಡಿ ಕಲಿಯುವವರಿಗೆ ಮೊದಲು ಎಲ್.ಎಲ್.ಆರ್. ಅಂತ ಒಂದು ಕಾಗದ ಕೊಡುತ್ತಾರೆ. ಅದಕ್ಕೆ ಗಡುವು ಇರುತ್ತದೆ. ಗಿರಿಜಾಳ ಕಾಗದಕ್ಕೆ ಮೂರು ತಿಂಗಳು. ಅದಿದ್ದರೂ ಒಬ್ಬರೇ ಓಡಿಸುವಂತಿಲ್ಲ, ಪಕ್ಕದಲ್ಲಿ ಲೈಸೆನ್ಸ್ ಇರುವವರು ಕೂತಿರಬೇಕು. ಆಷಾಢದ ಕೊನೆಯಲ್ಲಿ ಕಾಗದ ಬಂತು, ಡ್ರೈವರಣ್ಣ ಪಕ್ಕದಲ್ಲಿ ಕೂತರು. ದಿನಾ ಬೆಳಿಗ್ಗೆ ಆರಕ್ಕೆ ಖಾಕಿ ಅಂಗಿ ತೊಟ್ಟು ಬಂದು ಕೈ ಚಾಚಿ, "ಕಾಗದ?" ಅನ್ನುವರು. ಅವಳು ಬಿಚ್ಚಿ ತೋರಿಸಬೇಕು, ಅವರು ತಾರೀಖು ನೋಡಬೇಕು, ಆಮೇಲೆಯೇ ಕೀಲಿಕೈ. ಮಹಾಲಕ್ಷ್ಮಿ ಲೇಔಟಿನ ಹೊಸ ರಸ್ತೆಗಳಲ್ಲಿ ಮನೆಗಳು ಇನ್ನೂ ಅಲ್ಲೊಂದು ಇಲ್ಲೊಂದು. ಅಲ್ಲಿಗೆ ಕರೆದುಕೊಂಡು ಹೋಗಿ ಸುತ್ತಿಸುತ್ತಿದ್ದರು.

ನಂಜುಂಡ ಬಾಗಿಲ ಹಿಂದೆ ಉಣ್ಣುವುದನ್ನು ಅವರು ಒಂದು ದಿನ ನೋಡಿಬಿಟ್ಟರು. ಒಳಗೆ ಬಂದು ಅವನ ಎದುರೇ ಕುಕ್ಕರುಗಾಲಲ್ಲಿ ಕೂತರು. "ಏನೋ ಇದು ಕಳ್ಳನ ಊಟ? ನೀನೂ ಡ್ರೈವರ್, ನಾನೂ ಡ್ರೈವರ್. ಗೇರು ಯಾವ ಕೈಲಿ ಹಾಕ್ತೀವಿ?"

ನಂಜುಂಡ ಎಡಗೈಯನ್ನು ತಟ್ಟೆಯಿಂದ ಹಿಂದಕ್ಕೆಳೆದುಕೊಂಡ.

"ಎಡಗೈಲಿ ಕಣೋ. ಇಷ್ಟು ವರ್ಷ ನಿನ್ನ ಹೆಂಡ್ತಿ ಮಕ್ಕಳಿಗೆ ಅನ್ನ ಹಾಕಿರೋ ಕೈಗೆ ನೀನು ಅನ್ನ ಮುಟ್ಟೋಕೆ ಬಿಡಲ್ವಾ?"

ಅವನು ತಟ್ಟೆ ಸರಿಸಿ ಎದ್ದು ಹೋದ. ಡ್ರೈವರಣ್ಣ ನನ್ನ ಕಡೆ ನೋಡಿ, "ಇರ್ಲಿ ಬಿಡಕ್ಕಾ. ಬರ್ತಾನೆ" ಅಂದರು.

ದಸರಾ ಹತ್ತಿರವಿರುವಾಗ ಅವರಿಗೆ ಎದೆನೋವು ಬಂತು. ಆಸ್ಪತ್ರೆಯಲ್ಲಿ ಹತ್ತು ದಿನ, ಆಮೇಲೆ ಕೆಂಗೇರಿಯಲ್ಲಿ ತಂಗಿಯ ಮನೆಯಲ್ಲಿ ಆರೈಕೆ. ಗಾಡಿ ಕಲಿಯುವುದು ನಿಂತಿತು. ಗಿರಿಜಾ ಕಾಗದವನ್ನು ಡಬ್ಬಿಯಲ್ಲಿಟ್ಟಳು.

ಇಲ್ಲಿ ನಾನೊಂದು ಕೆಲಸ ಮಾಡಿದೆ. ಆಯುಧಪೂಜೆಯ ದಿನ ನನ್ನ ಊದುಬತ್ತಿ ಮಣೆ, ಸ್ಪ್ಯಾನರು, ಟೆಂಪೋ ಕೀಲಿಕೈ ಎಲ್ಲವನ್ನೂ ದೇವರ ಮುಂದೆ ಇಟ್ಟೆ. ಈ ಮನೆಯನ್ನು ಉಳಿಸುವ ಆಯುಧ ಯಾವುದೆಂದು ಯೋಚಿಸಿ, ಡಬ್ಬಿಯಿಂದ ಆ ಕಾಗದವನ್ನೂ ತೆಗೆದಿಟ್ಟೆ. ಎಲ್ಲಕ್ಕೂ ಅರಿಶಿನ ಕುಂಕುಮ ಇಡುವಾಗ ಇದಕ್ಕೆ ಎಲ್ಲಿ ಇಡುವುದು? ಇಂಗ್ಲಿಷ್ ನನಗೆ ಬಾರದು. ದುಂಡಗೆ ಸೀಲು ಒತ್ತಿದ ಜಾಗವೇ ಮುಖ್ಯವಾದದ್ದು ಎಂದುಕೊಂಡು, ಅರಿಶಿನ ಕಲಸಿ ಸರಿಯಾಗಿ ಅದರ ಮೇಲೆಯೇ ಬಳಿದು, ನಡುವೆ ಕುಂಕುಮ ಒತ್ತಿದೆ. ಪೂಜೆಯಾದ ಮೇಲೆ ದೇವರ ಪಟದ ಹಿಂದೆ ಸಿಕ್ಕಿಸಿದೆ. ಪೂಜೆಗಿಟ್ಟದ್ದನ್ನು ಯಾರೂ ಮುಟ್ಟಲಿಲ್ಲ.

ದೀಪಾವಳಿ ಕಳೆದು ಎರಡು ದಿನಕ್ಕೆ ಡ್ರೈವರಣ್ಣ ಬಂದರು. ಇಳಿದುಹೋಗಿದ್ದರು, ಖಾಕಿ ಅಂಗಿ ಹೆಗಲಿಂದ ಜಾರುತ್ತಿತ್ತು. ಟೆಂಪೋದ ಪಕ್ಕದ ಸೀಟು ಹತ್ತಿ ಕೂತು, "ಕಾಗದ?" ಅಂದರು. ನಾನೇ ಪಟದ ಹಿಂದಿನಿಂದ ತಂದುಕೊಟ್ಟೆ. ಅವರು ನೋಡಿದರು. ಬೆರಳನ್ನು ನಾಲಿಗೆಗೆ ಮುಟ್ಟಿಸಿ ಅರಿಶಿನವನ್ನು ಮೆಲ್ಲಗೆ ಉಜ್ಜಿದರು. ಆಮೇಲೆ ಏನೂ ಹೇಳದೆ ಗಾಡಿಯಿಂದ ಇಳಿದರು.

"ಏನಾಯ್ತು ತಾತಾ?"

"ಮುಗಿದು ಒಂಬತ್ತು ದಿನ ಆಗಿದೆ."

ಗಡುವಿನ ತಾರೀಖು ಇದ್ದದ್ದು ಸೀಲಿನ ಒಳಗೆ. ಅದರ ಮೇಲೆಯೇ ನಾನು ಅರಿಶಿನ ಬಳಿದಿದ್ದೆ. ತಾರೀಖಿನ ಲೆಕ್ಕ ದಿನಾ ಡ್ರೈವರಣ್ಣನದೇ ಆಗಿತ್ತು, ಗಿರಿಜಾ ನೆನಪಿಟ್ಟುಕೊಂಡಿರಲಿಲ್ಲ. ಹೊಸದಾಗಿ ಕಾಗದ ಮಾಡಿಸಿದರೆ ಮತ್ತೆ ಮೊದಲಿನಿಂದ ಕಾಯಬೇಕು, ಅಷ್ಟರಲ್ಲಿ ಕಾರ್ತೀಕ ಮುಗಿದು ಗಾಡಿ ನಾಯಂಡಹಳ್ಳಿಗೆ ಹೋಗಿರುತ್ತದೆ.

ಗಿರಿಜಾ ಇಳಿಯಲಿಲ್ಲ. ಸ್ಟೇರಿಂಗ್ ಹಿಡಿದುಕೊಂಡೇ, "ಒಂಬತ್ತೇ ದಿನ ತಾನೇ ತಾತಾ? ಯಾರು ನೋಡ್ತಾರೆ? ಮಹಾಲಕ್ಷ್ಮಿ ಲೇಔಟಲ್ಲಿ ದನ ಬಿಟ್ರೆ ಯಾರಿದಾರೆ? ಹತ್ತಿ" ಅಂದಳು.

"ಇಳಿ ಕೆಳಗೆ."

"ನಿಮಗೆ ಓಡಿಸೋಕೆ ಬರುತ್ತಲ್ಲ, ಪಕ್ಕದಲ್ಲೇ ಇರ್ತೀರಲ್ಲ…"

"ಇಳೀತೀಯೋ ಇಲ್ವೋ?" ಅವರು ಅಷ್ಟು ಜೋರಾಗಿ ಕೂಗಿದ್ದನ್ನು ಅದೇ ಮೊದಲ ಸಲ ಕೇಳಿದ್ದು. ಅವಳು ಅಳುತ್ತಾ ಇಳಿದಳು. ಅವರು ನಮ್ಮ ಜಗಲಿಯ ಮೇಲೆ ಎದೆ ಹಿಡಿದುಕೊಂಡು ಕೂತರು. ನೀರು ಕೊಟ್ಟೆ. ಕುಡಿದು, ಲೋಟ ಕೆಳಗಿಟ್ಟು ಹೇಳಿದರು.

"ನನ್ನ ತಮ್ಮನಿಗೆ ಗಾಡಿ ಕಲಿಸ್ದೋನು ನಾನೇ ಅಕ್ಕಾ. ಆಗ ಲಾರಿ ಓಡಿಸ್ತಿದ್ದೆ. ಚೆನ್ನಾಗಿ ಓಡಿಸ್ತಿದ್ದ, ನನಗಿಂತ ಚೆನ್ನಾಗಿ. ಅವನ ಕಾಗದ ಮುಗಿದು ನಾಲ್ಕು ದಿನ ಆಗಿತ್ತು. ಗೊತ್ತಿತ್ತು ನಂಗೆ. ಏನಾಗುತ್ತೆ ಅಂತ ನಾನೇ ಸ್ಟೇರಿಂಗ್ ಕೊಟ್ಟೆ. ಹಾಡು ಹಗಲು. ಎತ್ತಿನ ಗಾಡಿ ಒಂದು ಅಡ್ಡ ನುಗ್ತು. ತಪ್ಪು ಗಾಡಿಯವನದೇ, ನೋಡ್ದೋರೆಲ್ಲ ಹೇಳಿದ್ರು. ಗಾಡಿಯವನ ಜೀವ ಅಲ್ಲೇ ಹೋಯ್ತು. ಆದ್ರೆ ಪೊಲೀಸರು ಮೊದಲು ಕೇಳಿದ್ದು ಕಾಗದ. ಅದು ಸತ್ತಿತ್ತಲ್ಲ, ಆಮೇಲೆ ನನ್ನ ತಮ್ಮ ಆಡಿದ ಒಂದು ಮಾತೂ ಯಾರ ಕಿವಿಗೂ ಬೀಳ್ಲಿಲ್ಲ. ಜೈಲಿಂದ ಬಂದ ಮೇಲೆ ಅವನು ಮತ್ತೆ ಸ್ಟೇರಿಂಗ್ ಮುಟ್ಲಿಲ್ಲ. ನನ್ನ ಮುಖಾನೂ ನೋಡ್ಲಿಲ್ಲ. ಎಲ್ಲಿದಾನೋ ಗೊತ್ತಿಲ್ಲ."

ಗಿರಿಜಾ ಅಳು ನಿಲ್ಲಿಸಿದ್ದಳು. ನಂಜುಂಡ ಒಳಗಿನಿಂದ ಬಂದು ಬಾಗಿಲಿಗೆ ಒರಗಿ ನಿಂತಿದ್ದ.

"ನಾಳೆ ಆಫೀಸಿಗೆ ಹೋಗೋಣ. ಗಡುವು ಮುಂದುವರಿಸಿ ಕೊಡಿ ಅಂತ ಕೇಳೋಣ. ಆಗಲ್ಲ ಅಂದ್ರೆ ಗಾಡಿ ಹೋಗ್ಲಿ. ಹುಡುಗಿ ಉಳೀಲಿ" ಎಂದು ಎದ್ದರು.

ಮಾರನೆಯ ದಿನ ಬಸ್ಸಿನಲ್ಲಿ ಹೋದೆವು. ಅರ್ಜಿಯ ಫಾರಂ ಹಳೆಯದು. ಅದರ ನೆತ್ತಿಯ ಮೇಲಿದ್ದ ಮೈಸೂರು ಎಂಬುದನ್ನು ಹೊಡೆದುಹಾಕಿ ಕರ್ನಾಟಕ ಎಂದು ಸೀಲು ಒತ್ತಿದ್ದರು. ಡ್ರೈವರಣ್ಣ ಕನ್ನಡಕ ಹಾಕಿಕೊಂಡು, ಗೋಡೆಗೆ ಒತ್ತಿಟ್ಟುಕೊಂಡು ತಾವೇ ತುಂಬಿದರು. ಗುಮಾಸ್ತರು ಕಾಗದವನ್ನು ಎರಡು ಬೆರಳಲ್ಲಿ ಎತ್ತಿ ಹಿಡಿದು, "ಏನಮ್ಮಾ ಇದು? ಎಲ್.ಎಲ್.ಆರೋ, ಪ್ರಸಾದಾನೋ?" ಅಂದರು. ಸಾಲಿನಲ್ಲಿದ್ದವರೆಲ್ಲ ನಕ್ಕರು.

ಸಾಹೇಬರ ಮುಂದೆ ನಿಂತೆವು. "ಗಡುವು ಮುಗಿಯೋಕೆ ಮುಂಚೆ ಬರ್ಬೇಕಿತ್ತು. ಈಗ ಹೊಸದೇ ಮಾಡಿಸ್ಕೊಳ್ಳಿ" ಅಂದರು.

ನಾನು ತಡೆಯಲಾರದೆ, "ತಪ್ಪು ನಂದು ಸ್ವಾಮಿ. ಅರಿಶಿನ ಬಳಿದೋಳು ನಾನು. ಮಗು ಮೇಲೆ ಹಾಕ್ಬೇಡಿ" ಅಂದೆ.

ಡ್ರೈವರಣ್ಣ ನನ್ನನ್ನು ಹಿಂದೆ ಸರಿಸಿದರು. ಜೇಬಿನಿಂದ ಆಸ್ಪತ್ರೆಯ ಚೀಟಿ ತೆಗೆದು ಮೇಜಿನ ಮೇಲಿಟ್ಟರು. ಅದರ ಪಕ್ಕದಲ್ಲಿ ತಮ್ಮ ಲೈಸೆನ್ಸ್ ಪುಸ್ತಕ ಇಟ್ಟರು. ಅದರ ಅಂಚೆಲ್ಲ ಸವೆದು ಬಟ್ಟೆಯ ಹಾಗಾಗಿತ್ತು. "ಅವರದಲ್ಲ ಸಾರ್. ಕಲಿಸೋನು ತಾರೀಖು ನೋಡ್ಬೇಕು. ನಾನು ಹಾಸಿಗೆ ಹಿಡಿದೆ, ನೋಡ್ಲಿಲ್ಲ. ಒಂಬತ್ತು ದಿನದಲ್ಲಿ ಹುಡುಗಿ ಒಂದು ಗಜಾನೂ ಓಡಿಸಿಲ್ಲ, ಅದಕ್ಕೆ ನಾನು ಸಾಕ್ಷಿ. ನನ್ನ ಪುಸ್ತಕ ನೋಡಿ. ಇಷ್ಟು ವರ್ಷದಲ್ಲಿ ಇದರ ಮೇಲೆ ಒಂದು ಗುರುತು ಬಿದ್ದಿದ್ರೆ ಇವರಿಗೆ ಕೊಡ್ಬೇಡಿ."

ಸಾಹೇಬರು ಪುಸ್ತಕದ ಹಾಳೆಗಳನ್ನು ಒಂದೊಂದಾಗಿ ಮಗುಚಿದರು. "ಕಾರಣ ಇದೆ ಅಂತ ಬರ್ಕೊಂಡು ಒಂದು ತಿಂಗಳು ಕೊಡ್ತೀನಿ. ಇದೊಂದೇ ಸಲ" ಎಂದು ಸಹಿ ಹಾಕಿದರು.

ಹೊರಗೆ ಬಂದ ಮೇಲೆ ಡ್ರೈವರಣ್ಣ ಆ ಕಾಗದವನ್ನು ನನ್ನ ಕೈಗೇ ಕೊಟ್ಟರು. "ಅಕ್ಕಾ, ಇದಕ್ಕೆ ಪೂಜೆ ಬೇಡ. ದಿನಾ ಓದಿ ಸಾಕು." ಮನೆಗೆ ಬಂದು, ನಮ್ಮ ಬಾಗಿಲ ಒಳಗಡೆ ಸೀಮೆಸುಣ್ಣದಲ್ಲಿ ಹೊಸ ಗಡುವಿನ ತಾರೀಖನ್ನು ಕನ್ನಡ ಅಂಕಿಯಲ್ಲಿ ದೊಡ್ಡದಾಗಿ ಬರೆದರು. ನಾನು ಓದಲೆಂದು.

ಆ ಕಾಗದದ ಎಂಟನೆಯ ದಿನ ಅವರು ಹೋದರು. ಬೆಳಿಗ್ಗೆ ಸ್ನಾನ ಮಾಡಿ, ಖಾಕಿ ಅಂಗಿಯ ಗುಂಡಿ ಹಾಕಿಕೊಳ್ಳುತ್ತಾ ಕೂತವರು ಗೋಡೆಗೆ ಒರಗಿದರು, ಅಷ್ಟೇ. ಆರು ಗಂಟೆಗೆ ಗಿರಿಜಾ ಕಾಗದ ಹಿಡಿದುಕೊಂಡು ಗಾಡಿಯ ಹತ್ತಿರ ಕಾಯುತ್ತಿದ್ದಳು.

ಚಟ್ಟ ಕಟ್ಟುವಾಗ ಅವಳು ನಂಜುಂಡನ ಹತ್ತಿರ ಬಂದು, "ಅಪ್ಪಾ, ತಾತನ್ನ ನಮ್ಮ ಗಾಡೀಲೇ ಕರ್ಕೊಂಡು ಹೋಗೋಣ. ನಾನೇ ಓಡಿಸ್ತೀನಿ" ಅಂದಳು. ಅಂದವಳು ತಾನೇ ನಿಂತುಬಿಟ್ಟಳು. ಪಕ್ಕದಲ್ಲಿ ಕೂರುವವರು ಬೇಕಲ್ಲ. ಕೂರುತ್ತಿದ್ದವರು ಅಂಗಳದಲ್ಲಿ ಮಲಗಿದ್ದರು. ನಂಜುಂಡ ಅವಳ ತಲೆಯ ಮೇಲೆ ಎಡಗೈ ಇಟ್ಟ. ಕೀಲಿಕೈಯನ್ನು ಅವಳು ತಂದು ನನಗೆ ಕೊಟ್ಟಳು. ಗಂಡಸರು ಹೆಗಲ ಮೇಲೆ ಹೊತ್ತು ನಡೆದರು. ಬೀದಿಯ ತಿರುವಿನಲ್ಲಿ ಅವರು ಬಲಕ್ಕೆ ಹೊರಳಿದಾಗ, ಗೇಟಿನ ಹತ್ತಿರ ನಿಂತಿದ್ದ ಗಿರಿಜಾ ಬಲಗೈ ಚಾಚಿದಳು. ಅವಳ ಹಿಂದಿದ್ದ ಮಕ್ಕಳೂ ಚಾಚಿದವು. ಯಾವುದೂ ನಗಲಿಲ್ಲ.

ಗಾಡಿ ಹೋಯಿತು ಎಂದೇ ನಾವು ತಿಳಿದಿದ್ದೆವು. ನಾಲ್ಕನೆಯ ದಿನ ಬೆಳಿಗ್ಗೆ ಆರಕ್ಕೆ ಖಾಕಿ ಅಂಗಿಯ ಬೇರೊಬ್ಬರು ಗೇಟಿನಲ್ಲಿ ನಿಂತಿದ್ದರು. ಡ್ರೈವರಣ್ಣನ ಜೊತೆ ಬಸ್ಸು ಓಡಿಸಿದವರಂತೆ. "ಅಣ್ಣ ಆಫೀಸಿಗೆ ಹೋಗಿ ಬಂದ ದಿನಾನೇ ನಂಗೆ ಹೇಳಿದ್ರು. ನಾನೇನಾದ್ರೂ ಬರ್ದೇ ಹೋದ್ರೆ ಆ ಹುಡುಗಿ ಪಕ್ಕ ನೀನು ಹೋಗಿ ಕೂತ್ಕೋಬೇಕು ಅಂತ. ಎಲ್ಲಿ ಮಗಾ, ಕಾಗದ?" ಅಂದರು.

ಆ ಮಾತು ಕೇಳಿ ಗಿರಿಜಾ ಒಳಗೆ ಓಡಿದಳು. ಅತ್ತು, ಮುಖ ತೊಳೆದು, ಕಾಗದ ತಂದಳು.

ಇವತ್ತು ಪರೀಕ್ಷೆ. ಬಾಗಿಲ ಮೇಲಿನ ತಾರೀಖಿಗೆ ಇನ್ನು ಎರಡೇ ದಿನ ಬಾಕಿ ಇತ್ತು. ಗಾಡಿ ಹತ್ತುವ ಮುಂಚೆ ಅವಳು ಚಪ್ಪಲಿ ಕೆಳಗೆ ಬಿಟ್ಟಳು. ಅದೇ ಸಾಹೇಬರು ಪಕ್ಕದಲ್ಲಿ ಕೂತರು. ದೂರದಲ್ಲಿ ನಿಂತ ನನಗೆ ಕಂಡದ್ದು, ತಿರುವು ಬಂದಾಗಲೆಲ್ಲ ಕಿಟಕಿಯಿಂದ ಹೊರಗೆ ನೀಟಾಗಿ ಚಾಚಿದ ಒಂದು ಬಳೆ ಕೈ. ಒಮ್ಮೆಯೂ ಹಾರ್ನ್ ಕೇಳಿಸಲಿಲ್ಲ. ಇಳಿದ ಮೇಲೆ ಸಾಹೇಬರು, "ಕುಂಕುಮದ ಕಾಗದದೋರಲ್ವಾ ನೀವು? ಎಲ್ಲಿ ಆ ಯಜಮಾನ್ರು?" ಅಂದರು. ಗಿರಿಜಾ ಹೇಳಿದಳು. ಅವರು ಪೆನ್ನಿನ ಮುಚ್ಚಳ ತೆಗೆದು, ಪಾಸು ಎಂದು ಬರೆದರು.

ಸಾಯಂಕಾಲ ಸೊಸೆ ಹಿತಕಿದ ಅವರೆಬೇಳೆ ಸಾರು ಮಾಡಿ, ಮುದ್ದೆ ಕಟ್ಟಿ, ಶಾವಿಗೆ ಪಾಯಸ ಮಾಡಿದಳು. ಎಲೆ ಹಾಕುವಾಗ ಬಾಗಿಲಲ್ಲಿ ನೆರಳು ಕಂಡಿತು. ಡ್ರೈವರಣ್ಣನ ಹೆಂಡತಿ. ಗಿರಿಜಾ ಕೈ ಹಿಡಿದು ಕರೆತಂದಿದ್ದಳು.

"ಹತ್ತು ಮನೆಗೆ ಸಕ್ಕರೆ ಕೊಟ್ಟು ನಮ್ಮನೆ ಮುಂದೆ ನಿಂತು ವಾಪಸ್ ಬಂದ್ಯಲ್ಲಕ್ಕಾ, ಒಳಗಿಂದ ನೋಡ್ತಿದ್ದೆ. ಅವರಿದ್ದಿದ್ರೆ ಸುಮ್ನೆ ಬಿಡ್ತಿದ್ರಾ?" ಅಂದರು. ಡಬ್ಬಿಯಿಂದ ಸಕ್ಕರೆ ತೆಗೆದು ಅವರ ಬಾಯಿಗೇ ಹಾಕಿದೆ.

ಎಲ್ಲರೂ ಕೂತೆವು. ನಂಜುಂಡ ಎಂದಿನಂತೆ ತಟ್ಟೆ ತೆಗೆದುಕೊಂಡು ಬಾಗಿಲ ಹಿಂದಕ್ಕೆ ಹೊರಟ. ಗಿರಿಜಾ ತನ್ನ ಎಡಗಡೆ ಒಂದು ಎಲೆ ಹಾಕಿ, "ಅಪ್ಪಾ, ನಾಳೆ ಬೆಳಿಗ್ಗೆ ಲೋಡು ತುಂಬ್ಬೇಕು. ನೀವು ಪಕ್ಕದಲ್ಲಿ ಕೂತು ದಾರಿ ಹೇಳ್ಬೇಕು. ಇಲ್ಲೂ ಪಕ್ಕದಲ್ಲೇ ಕೂತ್ಕೊಳ್ಳಿ" ಅಂದಳು. ಅವನು ನಿಂತ. ಸೀಮೆಸುಣ್ಣದ ಅಂಕಿಗಳು ಬಾಗಿಲ ಮೇಲೆ ಹಾಗೇ ಇದ್ದವು. ಅವುಗಳನ್ನು ನೋಡಿದ. ಆಮೇಲೆ ಬಂದು ಎಲೆಯ ಮುಂದೆ ಕೂತ.

ಡ್ರೈವರಣ್ಣನ ಹೆಂಡತಿ ಎದ್ದು ಬಂದು ತಾವೇ ಬಡಿಸಿದರು. ಅವನ ಎಲೆಯ ಎಡಬದಿಗೆ ಮುದ್ದೆ ಇಟ್ಟು, ಪಕ್ಕದಲ್ಲಿ ಸಾರು ಬಿಟ್ಟರು. ಯಾರೂ ಅವನ ಕಡೆ ನೋಡಲಿಲ್ಲ, ನಮ್ಮ ನಮ್ಮ ಎಲೆ ನೋಡಿಕೊಂಡಿದ್ದೆವು. ಹೆತ್ತವಳು ನಾನು, ಕದ್ದು ನೋಡಿದೆ. ನಂಜುಂಡ ಎಡಗೈಯಲ್ಲಿ ಮುದ್ದೆ ಮುರಿದ.